ಸ್ನೈಪ್ ನೊಣ ಗುರುತಿಸುವುದು ಹೇಗೆ: ಕ್ರೈಸೊಪೈಲಸ್ ಕುಲದವರೆಗೆ ಒಂದೊಂದೇ ಹೆಜ್ಜೆ

ದಾವಣಗೆರೆ, ಚಿತ್ರದುರ್ಗದ ಕಡೆ ಕ್ಯಾಮೆರಾ ಹಿಡಿದು ಹುಳುಗಳ ಹಿಂದೆ ಓಡಾಡುವವರು ಈಗ ಸುಮಾರು ಜನ ಇದ್ದಾರೆ. ಚಿಟ್ಟೆ, ಏರೋಪ್ಲೇನ್ ಚಿಟ್ಟೆ, ಜೇಡ, ಇವಕ್ಕೆಲ್ಲ ಹೆಸರು ಹೇಳುವವರು ಸಿಗುತ್ತಾರೆ. ನೊಣದ ಫೋಟೊ ಬಂದರೆ ಮಾತ್ರ "ಯಾವುದೋ ನೊಣ" ಅಂತ ಬಿಟ್ಟುಬಿಡುತ್ತಾರೆ. ನನಗೆ ಇದು ಬೇಜಾರು. ನೊಣ ಅಂದರೆ ಮನೆಯಲ್ಲಿ ಊಟದ ಮೇಲೆ ಕೂರುವುದು ಒಂದೇ ಅಲ್ಲ. ತೋಟದ ನೆರಳಲ್ಲಿ, ಎಲೆಯ ಮೇಲೆ, ಯಾರಿಗೂ ತೊಂದರೆ ಕೊಡದೆ ಬದುಕುವ ಎಷ್ಟೋ ಕುಟುಂಬಗಳಿವೆ. ಅದರಲ್ಲಿ ಒಂದು ಸ್ನೈಪ್ ನೊಣಗಳ ಕುಟುಂಬ, ರೇಜಿಯೊನಿಡೀ. ಆ ಕುಟುಂಬದಲ್ಲೇ ಅತಿ ದೊಡ್ಡ ಕುಲ ಕ್ರೈಸೊಪೈಲಸ್. ಲೋಕದಲ್ಲಿ 300ಕ್ಕೂ ಹೆಚ್ಚು ಪ್ರಭೇದಗಳಿವೆ, ಭಾರತದಲ್ಲೂ ಇವೆ. ನೊಣಗಳು ಮಾತ್ರ ಸಣ್ಣವು, ಹೆಚ್ಚಿನವು 5ರಿಂದ 8 ಮಿಲಿಮೀಟರ್ ಅಷ್ಟೇ.

ಕೈಗೆ ಸಿಕ್ಕ ಒಂದು ನೊಣವನ್ನು "ಇದು ಕ್ರೈಸೊಪೈಲಸ್" ಅಂತ ಆಧಾರ ಸಮೇತ ಹೇಳುವವರೆಗೆ ಹೇಗೆ ಹೋಗಬೇಕು ಅನ್ನುವುದು ಇಲ್ಲಿದೆ. ಒಂದು ವಿಷಯ ಮೊದಲೇ ಹೇಳಿಬಿಡುತ್ತೇನೆ. ಎಷ್ಟು ಗುರುತು ಕಣ್ಣಿಗೆ ಕಂಡಿದೆಯೋ ಅಷ್ಟೇ ಹೆಸರು ಬರೆಯಬೇಕು. ಕುಟುಂಬದವರೆಗೆ ಕಂಡರೆ ಕುಟುಂಬ, ಕುಲದವರೆಗೆ ಕಂಡರೆ ಕುಲ. ಅಂದಾಜಿನ ಮೇಲೆ ಪ್ರಭೇದದ ಹೆಸರು ಅಂಟಿಸಿದರೆ ಅದನ್ನು ನಂಬಿ ಇನ್ನೊಬ್ಬರು ಬರೆಯುತ್ತಾರೆ, ಅವರನ್ನು ನಂಬಿ ಮತ್ತೊಬ್ಬರು. ಆಮೇಲೆ ಅದನ್ನು ಅಳಿಸುವುದು ಬಹಳ ಕಷ್ಟ.

ಮೊದಲು ಮನೆತನ ತಿಳಿದುಕೊಳ್ಳಿ

ಸುಮ್ನೆ ಚಿತ್ರ ನೋಡಿ ಹೋಲಿಸುವುದಕ್ಕಿಂತ, ಯಾವುದು ಯಾವುದರ ಒಳಗೆ ಬರುತ್ತದೆ ಅಂತ ಗೊತ್ತಿದ್ದರೆ ಅರ್ಧ ಕೆಲಸ ಮುಗಿದ ಹಾಗೆ.

ಎಲ್ಲ ನೊಣ, ಸೊಳ್ಳೆಗಳೂ ಡಿಪ್ಟೆರಾ ಅನ್ನುವ ಗಣಕ್ಕೆ ಸೇರುತ್ತವೆ. ಅದರೊಳಗೆ ಮೀಸೆ, ಅಂದರೆ ತಲೆಯ ಮುಂದಿನ ಜೋಡಿ ಆಂಟೆನಾ, ಗಿಡ್ಡ ಇರುವ ಗುಂಪು ಬ್ರ್ಯಾಕಿಸೆರಾ. ಸೊಳ್ಳೆಗಳು ಇದರಲ್ಲಿ ಬರುವುದಿಲ್ಲ, ಅವುಗಳ ಮೀಸೆ ಉದ್ದ, ಗೆಣ್ಣು ಜಾಸ್ತಿ. ಬ್ರ್ಯಾಕಿಸೆರಾ ಒಳಗೆ ಟಬಾನೊಮಾರ್ಫಾ ಅಂತ ಒಂದು ಗುಂಪಿದೆ. ದನಗಳಿಗೆ ಕಚ್ಚಿ ರಕ್ತ ಹೀರುವ ದೊಡ್ಡ ನೊಣಗಳ ಕುಟುಂಬ ಟಬಾನಿಡೀ ಇರುವುದು ಇಲ್ಲೇ, ನಮ್ಮ ಸ್ನೈಪ್ ನೊಣಗಳ ರೇಜಿಯೊನಿಡೀ ಇರುವುದೂ ಇಲ್ಲೇ. ಅಂದರೆ ಇವೆರಡೂ ಹತ್ತಿರದ ನೆಂಟರು. ಹಾಗಂತ ಹೆದರಬೇಡಿ. ಕ್ರೈಸೊಪೈಲಸ್ ಕಚ್ಚುವುದಿಲ್ಲ. ಈ ಕುಟುಂಬದಲ್ಲಿ ರಕ್ತ ಹೀರುವವು ಬೆರಳೆಣಿಕೆಯ ಕುಲಗಳು ಮಾತ್ರ. ಉತ್ತರ ಅಮೆರಿಕದ ಪಶ್ಚಿಮ ಭಾಗದಲ್ಲಿ ಸಿಂಫೊರೊಮಯಿಯಾ ಕುಲದ ಹೆಣ್ಣುಗಳು ಜನರನ್ನು ಚೆನ್ನಾಗಿ ಕಾಡುತ್ತವೆ, ಆಸ್ಟ್ರೇಲಿಯಾದಲ್ಲಿ ಸ್ಪೇನಿಯಾಪ್ಸಿಸ್ ಅನ್ನುವ ಇನ್ನೊಂದು ಕುಲ.

ರೇಜಿಯೊನಿಡೀ ಕುಟುಂಬಕ್ಕೆ ಹೆಸರಿಟ್ಟವರು ಫ್ರಾನ್ಸಿನ ಲಾತ್ರೆಯ್, 1802ರಲ್ಲಿ. ಕ್ರೈಸೊಪೈಲಸ್ ಕುಲವನ್ನು ಬೇರೆ ಮಾಡಿ ತೋರಿಸಿದವರು ಮಕಾರ್, ಅವರೂ ಫ್ರಾನ್ಸಿನವರೇ, 1826ರಲ್ಲಿ. ಅದಕ್ಕೂ ಮುಂಚಿನ ಕುಲ ರೇಜಿಯೊ, ಅದನ್ನು ಫ್ಯಾಬ್ರಿಷಿಯಸ್ 1775ರಲ್ಲೇ ಹೆಸರಿಸಿದ್ದರು. ಕುಟುಂಬದ ಹೆಸರು ಬಂದಿರುವುದು ಈ ರೇಜಿಯೊದಿಂದಲೇ. ಹಳೆಯ ಪುಸ್ತಕಗಳಲ್ಲಿ ಇದೇ ಕುಟುಂಬ ಲೆಪ್ಟಿಡೀ ಅಂತ ಕಾಣುತ್ತದೆ. ಬ್ರುನೆಟ್ಟಿ 1920ರಲ್ಲಿ ಬ್ರಿಟಿಷ್ ಭಾರತದ ನೊಣಗಳ ಬಗ್ಗೆ ಬರೆದ ಸಂಪುಟದಲ್ಲೂ ಹಾಗೇ ಇದೆ. ನಮ್ಮ ದೇಶದ ಸ್ನೈಪ್ ನೊಣ ನೋಡುವವರು ಇವತ್ತಿಗೂ ಆ ಸಂಪುಟ ತೆರೆಯಲೇಬೇಕು. ಇಂಟರ್ನೆಟ್ಟಿನಲ್ಲಿ ಉಚಿತವಾಗಿ ಸಿಗುತ್ತದೆ. ಹುಡುಕುವಾಗ ಲೆಪ್ಟಿಡೀ ಅಂತ ಹುಡುಕಿ, ಇಲ್ಲದಿದ್ದರೆ "ನಮ್ಮ ನೊಣವೇ ಇದರಲ್ಲಿ ಇಲ್ಲ" ಅಂತ ಮುಚ್ಚಿಬಿಡುತ್ತೀರಿ.

ಈಗ ಸ್ವಲ್ಪ ಗೋಜಲಿನ ಭಾಗ. ಸ್ವಲ್ಪ ನಿಧಾನವಾಗಿ ಓದಿ.

ರೇಜಿಯೊನಿಡೀ ಬಹಳ ಕಾಲ ಎಲ್ಲರನ್ನೂ ಸೇರಿಸಿಕೊಂಡ ಕುಟುಂಬವಾಗಿತ್ತು. ಎಲ್ಲಿ ಹಾಕಬೇಕು ಅಂತ ತಿಳಿಯದ ಕುಲಗಳನ್ನೆಲ್ಲ ಇಲ್ಲಿ ತಂದು ಹಾಕಿದ್ದರು. ಕಳೆದ ಐವತ್ತು ವರ್ಷಗಳಲ್ಲಿ ಅವು ಒಂದೊಂದಾಗಿ ಹೊರಗೆ ಹೋದವು. 1973ರಲ್ಲಿ ದಕ್ಷಿಣ ಆಫ್ರಿಕಾದ ಸ್ಟಕನ್‌ಬರ್ಗ್ ಅಥೆರಿಸಿಡೀ ಅನ್ನುವ ಕುಟುಂಬವನ್ನು ಬೇರೆ ಮಾಡಿದರು. ಇವುಗಳ ಮರಿಹುಳು ಹರಿಯುವ ನೀರಲ್ಲಿ ಬೆಳೆಯುತ್ತವೆ. ಮರಳಲ್ಲಿ ಕುಳಿ ತೋಡಿ ಇರುವೆ ಹಿಡಿಯುವ ಮರಿಹುಳುಗಳ ವರ್ಮಿಲಿಯೊನಿಡೀ ಕೂಡ ಈಗ ಬೇರೆಯೇ ಕುಟುಂಬ. 2001ರಲ್ಲಿ ಸ್ಟಕನ್‌ಬರ್ಗ್ ಇಡೀ ಗುಂಪನ್ನು ಮತ್ತೊಮ್ಮೆ ಜಾಲಾಡಿದರು. ಆಮೇಲೆ 2010ರಲ್ಲಿ ಪೀಟರ್ ಕೆರ್ ಅವರ ದೊಡ್ಡ ಅಧ್ಯಯನ ಬಂತು. ಅದರ ಪ್ರಕಾರ ರೇಜಿಯೊನಿಡೀ ಒಳಗೆ ನಾಲ್ಕು ಉಪಕುಟುಂಬಗಳು: ರೇಜಿಯೊನಿನೀ, ಕ್ರೈಸೊಪಿಲಿನೀ, ಸ್ಪೇನಿಯಿನೀ, ಆರ್ಥ್ರೊಸೆರಿನೀ. ನಮ್ಮ ಕುಲ ಕ್ರೈಸೊಪಿಲಿನೀ ಒಳಗೆ ಬರುತ್ತದೆ. ಬರೀ 2-3 ಮಿಲಿಮೀಟರ್ ಇರುವ ಬೊಲ್ಬೊಮಯಿಯಾ ಅನ್ನುವ ಪುಟ್ಟ ನೊಣವನ್ನು, 1850ರಲ್ಲಿ ಲೋವ್ ಅನ್ನುವ ಕೀಟತಜ್ಞ ಅಂಬರಿನೊಳಗೆ (ಕಲ್ಲಿನಂತೆ ಗಟ್ಟಿಯಾದ ಹಳೆಯ ಮರದ ಅಂಟಿನೊಳಗೆ) ಸಿಕ್ಕ ಪಳೆಯುಳಿಕೆಯಿಂದ ವಿವರಿಸಿದ್ದ ಕುಲವನ್ನು, ಕೆರ್ ಅದರದ್ದೇ ಒಂದು ಕುಟುಂಬಕ್ಕೆ ಕಳಿಸಿದರು.

ಇದೆಲ್ಲ ನಮಗ್ಯಾಕೆ ಅಂದರೆ, ನೀವು ಯಾವುದೇ ಕೀಲಿ ಹಿಡಿದು ಕೂತರೂ ಅದು ಯಾವ ವರ್ಷದ್ದು ಅಂತ ಮೊದಲು ನೋಡಬೇಕು. 1973ಕ್ಕಿಂತ ಹಿಂದಿನ ಕೀಲಿಯಲ್ಲಿ ಅಥೆರಿಸಿಡೀ ನೊಣಗಳೂ ಇದೇ ಕುಟುಂಬದಲ್ಲಿ ಬಂದುಬಿಡುತ್ತವೆ. ಇಲ್ಲಿ "ಕೀಲಿ" ಅಂದರೆ ಎರಡೆರಡು ಪ್ರಶ್ನೆ ಕೇಳುತ್ತಾ ಒಂದನ್ನು ಬಿಟ್ಟು ಒಂದನ್ನು ಆರಿಸುತ್ತಾ ಹೆಸರಿನವರೆಗೆ ಕರೆದೊಯ್ಯುವ ಪಟ್ಟಿ. ಕೆಳಗೆ ನಾನು ಕೊಡುತ್ತಿರುವುದೂ ಅದೇ, ಬಾಯಿಮಾತಿನ ರೂಪದಲ್ಲಿ.

ಏನೇನು ಬೇಕು

ದುಬಾರಿ ಸಾಮಾನು ಬೇಡ. ಬಿಳಿ ಬಟ್ಟೆಯ ಕೀಟದ ಬಲೆ ಒಂದು, ಹತ್ತು ಪಟ್ಟು ದೊಡ್ಡದು ತೋರಿಸುವ ಕೈಮಸೂರ ಒಂದು, ಮುಚ್ಚಳ ಇರುವ ಸಣ್ಣ ಸಣ್ಣ ಶೀಷೆಗಳು, ಮೆತ್ತನೆ ಚಿಮುಟ, ನೋಟ್‌ಬುಕ್ಕು, ಪೆನ್ಸಿಲ್. ಪೆನ್ಸಿಲ್ಲೇ ಆಗಬೇಕು, ಪೆನ್ನಿನ ಶಾಯಿ ಆಲ್ಕೋಹಾಲ್ ತಾಗಿದರೆ ಕರಗಿ ಹೋಗುತ್ತದೆ. ಮೊಬೈಲಿಗೆ ಸಿಕ್ಕಿಸುವ ಮ್ಯಾಕ್ರೊ ಲೆನ್ಸ್ ಇದ್ದರೆ ಒಳ್ಳೆಯದು. ರೆಕ್ಕೆಯ ನರ, ಕಾಲಿನ ಮುಳ್ಳು ಸರಿಯಾಗಿ ನೋಡಲು ಮಾತ್ರ ಸ್ಟೀರಿಯೊ ಮೈಕ್ರೋಸ್ಕೋಪ್ ಬೇಕೇ ಬೇಕು. 40 ಪಟ್ಟಿನದು ಸಾಕು. ನಿಮ್ಮ ಊರಿನ ಕಾಲೇಜಿನ ಪ್ರಾಣಿಶಾಸ್ತ್ರ ವಿಭಾಗದಲ್ಲಿ ಕೇಳಿ ನೋಡಿ. ಸಂಜೆ ಹೊತ್ತು ಒಂದು ಗಂಟೆ ಕೂತು ನೋಡಲು ಬಿಡುವ ಮೇಷ್ಟ್ರು ಇದ್ದೇ ಇರುತ್ತಾರೆ.

ಎಲ್ಲಿ ಹುಡುಕಬೇಕು, ಯಾವಾಗ

ಬಯಲುಸೀಮೆ ಅಂದ ಕೂಡಲೇ ಜನ ಕಾಡೆಲ್ಲ ಮಲೆನಾಡಲ್ಲೇ ಅಂದುಕೊಳ್ಳುತ್ತಾರೆ. ಸ್ನೈಪ್ ನೊಣಕ್ಕೆ ದೊಡ್ಡ ಕಾಡು ಬೇಕಿಲ್ಲ, ತೇವ ಮತ್ತು ನೆರಳು ಬೇಕು. ಯಾಕೆಂದರೆ ಕ್ರೈಸೊಪೈಲಸ್ ಮರಿಹುಳು ಬೆಳೆಯುವುದು ಹಸಿ ಮಣ್ಣಿನಲ್ಲಿ, ಕೊಳೆತ ಎಲೆಯ ಅಡಿಯಲ್ಲಿ, ಮೆತ್ತಗಾದ ಮರದ ದಿಮ್ಮಿಯಲ್ಲಿ. ಅಲ್ಲಿ ಬೇರೆ ಸಣ್ಣ ಹುಳುಗಳನ್ನು ಹಿಡಿದು ತಿನ್ನುತ್ತದೆ. ಆದ್ದರಿಂದ ವರ್ಷದ ಬಹುಪಾಲು ನೆಲ ಒಣಗದ ಜಾಗ ನಿಮ್ಮ ಜಾಗ.

ಹಾಗೆ ನೋಡಿದರೆ ಮೊದಲ ಆಯ್ಕೆ ಚನ್ನಗಿರಿ, ಹೊಳಲ್ಕೆರೆ ಕಡೆಯ ಅಡಿಕೆ ತೋಟಗಳು. ಬಿದ್ದ ಸೋಗೆ, ಹಾಳೆ, ಕಾಲುವೆಯ ಬಸಿ ನೀರು, ಮಧ್ಯಾಹ್ನವೂ ತಂಪು. ಸೂಳೆಕೆರೆ ಏರಿಯ ಕೆಳಗಿನ ತೋಟ, ಭದ್ರಾ ನಾಲೆಯ ಬದಿಯ ಪೊದೆ, ಹರಿಹರ, ಹೊನ್ನಾಳಿ ಹತ್ತಿರ ತುಂಗಭದ್ರಾ ದಡದ ಮರಗಳ ಸಾಲು, ಹಿರಿಯೂರಿನ ಕಡೆ ಮಾರಿಕಣಿವೆಯ ಕೆಳಗೆ ವೇದಾವತಿ ಪಕ್ಕದ ತೆಂಗಿನ ತೋಟ, ಇವನ್ನೂ ಬಿಡಬೇಡಿ. ಚಿತ್ರದುರ್ಗದವರಿಗೆ ಚಂದ್ರವಳ್ಳಿ ಕಣಿವೆ ಇದೆ, ಮಳೆಗಾಲದಲ್ಲಿ ಅಲ್ಲಿ ಬಂಡೆ ಸಂದಿಯಲ್ಲೆಲ್ಲ ಪಾಚಿ ಹಸಿರಾಗಿರುತ್ತದೆ. ಜೋಗಿಮಟ್ಟಿ ಇನ್ನೂ ಒಳ್ಳೆಯ ಜಾಗ, ಆದರೆ ಅದು ವನ್ಯಜೀವಿ ಧಾಮ. ಜಗಳೂರಿನ ರಂಗಯ್ಯನದುರ್ಗವೂ ಧಾಮವೇ. ಅರಣ್ಯ ಇಲಾಖೆಯ ಲಿಖಿತ ಅನುಮತಿ ಇಲ್ಲದೆ ಅಲ್ಲಿ ಒಂದು ನೊಣವನ್ನೂ ಹಿಡಿಯುವಂತಿಲ್ಲ. ಫೋಟೊ ತೆಗೆಯಿರಿ, ಬನ್ನಿ.

ಮೃಗಶಿರಾ, ಆರಿದ್ರಾ ಮಳೆ ಹಿಡಿದು ನೆಲ ನೆಂದ ಮೇಲೆ ಶುರು ಮಾಡಿ. ಹಿಂಗಾರು ಮುಗಿಯುವವರೆಗೂ ನೋಡುತ್ತಿರಿ. ಬೆಳಗ್ಗೆ ಬಿಸಿಲು ಎಲೆಗಳ ಮೇಲೆ ಬೀಳಲು ಶುರುವಾದ ಹೊತ್ತು ಅನುಕೂಲ. ಗಾಳಿ ಜೋರಿದ್ದ ದಿನ ಬಲೆ ಬೀಸಿ ಪ್ರಯೋಜನವಿಲ್ಲ, ದುರ್ಗದ ಗುಡ್ಡದ ಗಾಳಿಯಂತೂ ಕೇಳಲೇಬೇಡಿ.

ಬೇರೆಯವರ ತೋಟಕ್ಕೆ ಹೋಗುವ ಮುಂಚೆ ಕೇಳಿ ಹೋಗಿ. "ಯಜಮಾನ್ರೇ, ನಿಮ್ಮ ತೋಟದಾಗ ಒಂಚೂರು ಹುಳ ನೋಡ್ಬೇಕಿತ್ತು, ಗಿಡಕ್ಕೇನೂ ಮಾಡಲ್ಲ" ಅಂದರೆ ಬೇಡ ಅನ್ನುವವರು ಕಡಿಮೆ. ಔಷಧಿ ಯಾವಾಗ ಹೊಡೆದಿದ್ದು ಅಂತಲೂ ಕೇಳಿ. ಕೊಳೆರೋಗಕ್ಕೆ ಬೋರ್ಡೋ ಹೊಡೆಯುತ್ತಿರುವ ದಿನ ಒಳಗೆ ಹೋಗಬೇಡಿ. ಕೀಟನಾಶಕ ಹೊಡೆದಿದ್ದರೆ ಅದನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿ, ಅಲ್ಲಿ ನೊಣ ಸಿಗದಿದ್ದರೆ ಕಾರಣ ಅದೇ ಇರಬಹುದು.

ಹಿಡಿಯುವುದು

ಕ್ರೈಸೊಪೈಲಸ್ ಚುರುಕಿನ ನೊಣ ಅಲ್ಲ. ನೆರಳಲ್ಲಿ ತಗ್ಗಿನ ಗಿಡದ ಎಲೆ ಮೇಲೆ, ಹುಲ್ಲಿನ ಮೇಲೆ ಕೂತಿರುತ್ತದೆ. ಎಬ್ಬಿಸಿದರೆ ಸ್ವಲ್ಪ ದೂರ ಹಾರಿ ಮತ್ತೆ ಕೂರುತ್ತದೆ. ಆದ್ದರಿಂದ ಮೊದಲು ಫೋಟೊ, ಆಮೇಲೆ ಬಲೆ. ಫೋಟೊದಲ್ಲಿ ಮೂರು ಕೋನ ಇರಲಿ: ಮೇಲಿನಿಂದ, ಪಕ್ಕದಿಂದ, ಮುಖದ ಎದುರಿನಿಂದ. ಮುಖದ ಚಿತ್ರ ಇಲ್ಲದೆ ಮೀಸೆ ಕಾಣುವುದಿಲ್ಲ, ಮೀಸೆ ಇಲ್ಲದೆ ಕುಟುಂಬ ತಿಳಿಯುವುದಿಲ್ಲ.

ಬಲೆಯನ್ನು ಗಿಡಗಳ ಮೇಲ್ಭಾಗಕ್ಕೆ ತಾಗಿಸುತ್ತಾ ಎಡಕ್ಕೆ ಬಲಕ್ಕೆ ಬೀಸುತ್ತಾ ನಡೆಯಿರಿ. ಕೊನೆಗೆ ಬಲೆಯ ಬಾಯಿ ತಿರುಗಿಸಿ ಮುಚ್ಚಿ. ಒಳಗಿದ್ದ ನೊಣದ ಮೇಲೆ ಶೀಷೆ ಬೋರಲು ಹಾಕಿ ಹಿಡಿಯಿರಿ. ಬಲೆ ಬೀಸಲು ಆಗದ ಮುಳ್ಳಿನ ಜಾಗದಲ್ಲಿ ಹಳದಿ ತಟ್ಟೆ ಇಡಿ. ಹಳದಿ ಪ್ಲಾಸ್ಟಿಕ್ ತಟ್ಟೆಯಲ್ಲಿ ನೀರು, ಅದಕ್ಕೆ ಎರಡು ತೊಟ್ಟು ಪಾತ್ರೆ ತೊಳೆಯುವ ಸೋಪಿನ ದ್ರವ. ಸೋಪು ಹಾಕದಿದ್ದರೆ ಸಣ್ಣ ನೊಣ ನೀರಿನ ಮೇಲೆ ಕೂತು ಹಾರಿಹೋಗುತ್ತದೆ. ಬೆಳಗ್ಗೆ ಇಟ್ಟು ಸಂಜೆ ತೆಗೆಯಿರಿ, ರಾತ್ರಿಯಿಡೀ ಬಿಡಬೇಡಿ, ಬೇಡದ ಹುಳುಗಳು ಸುಮ್ನೆ ಸಾಯುತ್ತವೆ. ಇನ್ನು ಟೆಂಟಿನಂಥ ಮಲೇಸ್ ಬಲೆಯೂ ಇದೆ, ಸ್ವೀಡನ್ನಿನ ರೆನೆ ಮಲೇಸ್ ಮಾಡಿದ್ದು. ಒಳ್ಳೆಯದೇ, ಆದರೆ ಶುರುವಿನವರಿಗೆ ಅದರ ಅಗತ್ಯ ನನಗೆ ಕಾಣುವುದಿಲ್ಲ.

ಒಂದು ಜಾಗದಿಂದ ಬೇಕಾದಷ್ಟೇ ತೆಗೆದುಕೊಳ್ಳಿ. ಗಂಡು ಒಂದೆರಡು, ಹೆಣ್ಣು ಒಂದೆರಡು ಸಾಕು. ಹಿಡಿದದ್ದನ್ನು ಶೀಷೆ ಸಮೇತ ಫ್ರೀಜರಿನಲ್ಲಿ ರಾತ್ರಿಯಿಡೀ ಇಡಿ. ಮನೆಯವರಿಗೆ ಮೊದಲೇ ಹೇಳಿ, ಡಬ್ಬಿಯ ಮೇಲೆ ಬರೆದೂ ಇಡಿ.

ಮೊದಲ ಹೆಜ್ಜೆ: ನೊಣ ಹೌದಾ ಅಲ್ವಾ

ರೆಕ್ಕೆ ಎರಡೇ ಇರಬೇಕು. ಹಿಂದಿನ ಜೋಡಿ ರೆಕ್ಕೆಯ ಜಾಗದಲ್ಲಿ ಗುಂಡಿಸೂಜಿಯಂಥ ಪುಟ್ಟ ಕಡ್ಡಿಗಳು ಕಾಣಬೇಕು. ನಾಲ್ಕು ರೆಕ್ಕೆ ಇದ್ದರೆ ಅದು ಕಣಜವೋ ಇನ್ನೊಂದೋ, ಅಲ್ಲಿಗೆ ಬಿಡಿ. ಬಣ್ಣ ನೋಡಿ ಮೋಸ ಹೋಗಬೇಡಿ, ಕಣಜದ ವೇಷದ ನೊಣಗಳು ಬಹಳ ಇವೆ.

ಎರಡನೇ ಹೆಜ್ಜೆ: ಪಾದದ ಮೆತ್ತೆ ಎಣಿಸಿ

ಇದನ್ನು ಯಾರೂ ನೋಡುವುದಿಲ್ಲ, ಆದರೆ ಇಷ್ಟು ಕೆಲಸಕ್ಕೆ ಬರುವ ಗುರುತು ಇನ್ನೊಂದಿಲ್ಲ. ಪಾದದ ತುದಿಯಲ್ಲಿ ಎರಡು ಉಗುರು, ಉಗುರಿನ ಕೆಳಗೆ ಮೆತ್ತೆಗಳು ಇರುತ್ತವೆ. ಸ್ನೈಪ್ ನೊಣಕ್ಕೆ ಮೂರು ಮೆತ್ತೆ, ಎರಡು ಪಕ್ಕದಲ್ಲಿ, ಒಂದು ನಡುವೆ, ಮೂರೂ ಒಂದೇ ಥರ. ಎರಡೇ ಮೆತ್ತೆ ಇದ್ದು ನಡುವೆ ಬರೀ ಒಂದು ಕೂದಲಿದ್ದರೆ ಅದು ಬೇರೆ ಗುಂಪು. ಹುಳು ಹಿಡಿದು ತಿನ್ನುವ ಅಸಿಲಿಡೀ ಹೀಗೆ, ಮರಳು ಜಾಗದಲ್ಲಿ ಕಾಣುವ ಥೆರೆವಿಡೀ ಹೀಗೆ. ಅಸಿಲಿಡೀ ಆದರೆ ಎರಡು ಕಣ್ಣುಗಳ ನಡುವೆ ತಲೆ ತಗ್ಗಾಗಿರುವುದೂ ಕಾಣುತ್ತದೆ.

ನಮ್ಮ ತೋಟಗಳಲ್ಲಿ ಜಾಸ್ತಿ ಗೊಂದಲ ಆಗುವುದು ಉದ್ದ ಕಾಲಿನ, ಹಸಿರು ಹೊಳಪಿನ ಪುಟ್ಟ ನೊಣಗಳಿಂದ. ಎಲೆ ಮೇಲೆ ಪಟಪಟ ಓಡಾಡುತ್ತಿರುತ್ತವೆ. ಅವು ಡಾಲಿಕೊಪೊಡಿಡೀ. ಹೊಳಪು ನೋಡಿ ಸ್ನೈಪ್ ನೊಣ ಅಂದುಕೊಳ್ಳುವವರಿದ್ದಾರೆ. ಅಲ್ಲ. ಸ್ನೈಪ್ ನೊಣದ ಮೈ ಲೋಹದ ಹಸಿರಲ್ಲ, ಕಂದು, ಕಪ್ಪು, ಹಳದಿ ಬಣ್ಣದ್ದು.

ಮೂರನೇ ಹೆಜ್ಜೆ: ಮೀಸೆ

ಮುಖದ ಎದುರಿನಿಂದ ಮತ್ತು ಪಕ್ಕದಿಂದ ನೋಡಿ. ಸ್ನೈಪ್ ನೊಣದ ಮೀಸೆಯಲ್ಲಿ ಬುಡದ ಎರಡು ಸಣ್ಣ ಗೆಣ್ಣು, ಆಮೇಲೆ ಉರುಟಾದ ಅಥವಾ ಸ್ವಲ್ಪ ಮೊನೆಯಾದ ಮೂರನೇ ಗೆಣ್ಣು, ಅದರ ತುದಿಯಿಂದ ಹೊರಡುವ ತೆಳ್ಳನೆಯ ಕೂದಲಿನಂಥ ಕಡ್ಡಿ. ಈ ಕಡ್ಡಿ ಮುಖ್ಯ. ದನಕ್ಕೆ ಕಚ್ಚುವ ಟಬಾನಿಡೀಯಲ್ಲಿ ಇಂಥ ಕೂದಲು ಕಡ್ಡಿ ಇಲ್ಲ, ಮೂರನೇ ಗೆಣ್ಣು ದೊಡ್ಡದು, ಅದರ ತುದಿಗೆ ಉಂಗುರ ಉಂಗುರದ ಗಿಡ್ಡ ಭಾಗಗಳು. ರೆಕ್ಕೆಯ ಬುಡದ ಹಿಂದೆ ಟಬಾನಿಡೀಗೆ ದೊಡ್ಡ ಪೊರೆಯ ಮಡಿಕೆ ಇರುತ್ತದೆ, ಸ್ನೈಪ್ ನೊಣಕ್ಕೆ ಅದು ಬಹಳ ಸಣ್ಣದು. ಎರಡೂ ಗುರುತು ಒಟ್ಟಿಗೆ ನೋಡಿದರೆ ಇಲ್ಲಿ ತಪ್ಪುವ ಸಂಭವವೇ ಇಲ್ಲ.

ನಾಲ್ಕನೇ ಹೆಜ್ಜೆ: ರೆಕ್ಕೆಯ ನರ

ಮೈಕ್ರೋಸ್ಕೋಪಿನಡಿ ರೆಕ್ಕೆ ಬಿಡಿಸಿ, ಕೆಳಗೆ ಬಿಳಿ ಕಾಗದ ಇಡಿ. ಮೊದಲು ತುದಿ ನೋಡಿ. ಅಲ್ಲೊಂದು ಕವಲೊಡೆದ ನರ ಇರುತ್ತದೆ, ರೆಕ್ಕೆಯ ಮೊನೆ ಆ ಕವಲಿನ ಎರಡು ಕೊಂಬೆಗಳ ನಡುವೆ ಬರುತ್ತದೆ. ಆಮೇಲೆ ರೆಕ್ಕೆಯ ನಡುಭಾಗಕ್ಕೆ ಬನ್ನಿ. ಸುತ್ತ ನರಗಳಿಂದ ಮುಚ್ಚಿಕೊಂಡ ಒಂದು ಉದ್ದ ಕೋಣೆ ಇದೆ, ಡಿಸ್ಕಲ್ ಕೋಣೆ ಅನ್ನುತ್ತಾರೆ. ಅದರ ಹೊರತುದಿಯಿಂದ ಮೂರು ನರ ಅಂಚಿನ ಕಡೆ ಹೋಗುತ್ತವೆ. ಈ ಕೋಣೆ ತೀರಾ ಪುಟ್ಟದಾಗಿದ್ದು ನರಗಳೆಲ್ಲ ರೆಕ್ಕೆಯ ಮುಂಭಾಗಕ್ಕೆ ಒತ್ತಿಕೊಂಡಿದ್ದರೆ ಅದು ಸ್ಟ್ರಾಟಿಯೊಮಯಿಡೀ ಕುಟುಂಬ. ಗೊಬ್ಬರದ ಗುಂಡಿ ಹತ್ತಿರ ಸಿಗುವ ಕಪ್ಪು ನೊಣ ಅದರಲ್ಲೇ ಬರುತ್ತದೆ. ಅವಕ್ಕೂ ಪಾದದಲ್ಲಿ ಮೂರು ಮೆತ್ತೆ ಇರುವುದರಿಂದ ಇಲ್ಲಿ ಎಚ್ಚರ ಬೇಕು.

ಇನ್ನು ಅಥೆರಿಸಿಡೀಯನ್ನು ಬೇರೆ ಮಾಡಬೇಕು. ರೆಕ್ಕೆಯ ಮುಂಭಾಗದ ಅಂಚು ನೋಡಿ. ಮೊದಲ ರೇಡಿಯಲ್ ನರ (ಬುಡದಿಂದ ಹೊರಟು ಮುಂದಿನ ಅಂಚನ್ನು ಸೇರುವ ದಪ್ಪ ನರ), ಅದರ ಹಿಂದಿನ ನರ, ಎರಡೂ ಅಂಚನ್ನು ಒಂದೇ ಕಡೆ ಅಥವಾ ತೀರಾ ಪಕ್ಕಪಕ್ಕದಲ್ಲಿ ಮುಟ್ಟಿದರೆ ಅಥೆರಿಸಿಡೀ. ನಡುವೆ ಚೆನ್ನಾಗಿ ಅಂತರ ಬಿಟ್ಟು ಮುಟ್ಟಿದರೆ ರೇಜಿಯೊನಿಡೀ. ತುಂಗಭದ್ರಾ ದಡದಲ್ಲಿ, ಹಳ್ಳದ ಬದಿಯಲ್ಲಿ ಹಿಡಿದ ನೊಣಕ್ಕೆ ಈ ಪರೀಕ್ಷೆ ಬಿಡಲೇಬಾರದು, ಯಾಕೆಂದರೆ ಅಥೆರಿಸಿಡೀ ಮರಿಗಳು ಹರಿಯುವ ನೀರಿನವು ಅಂತ ಆಗಲೇ ಹೇಳಿದೆನಲ್ಲ.

ಇಷ್ಟು ದಾಟಿದರೆ ಕುಟುಂಬ ಖಚಿತ. ರೇಜಿಯೊನಿಡೀ ಅಂತ ಬರೆದುಕೊಳ್ಳಿ. ಫೋಟೊ ಮಾತ್ರ ಇದ್ದವರು ಬಹಳ ಸಲ ಇಲ್ಲಿಗೇ ನಿಲ್ಲಬೇಕಾಗುತ್ತದೆ. ಅದು ಕಡಿಮೆ ಕೆಲಸವೇನಲ್ಲ.

ಐದನೇ ಹೆಜ್ಜೆ: ಕುಲ

ಇಲ್ಲಿ ಮೂರು ಗುರುತು ಒಟ್ಟಿಗೆ ನೋಡುತ್ತೇವೆ. ಒಂದನ್ನೇ ನಂಬಬಾರದು.

ಮೊದಲನೆಯದು ಹಿಂಗಾಲಿನ ಮುಳ್ಳು. ಕಾಲಿನಲ್ಲಿ ತೊಡೆಯ ಕೆಳಗೆ ಉದ್ದವಾದ ಇನ್ನೊಂದು ಭಾಗ ಇರುತ್ತದೆ, ಅದರ ತುದಿಯಲ್ಲಿ, ಪಾದ ಶುರುವಾಗುವ ಕಡೆ, ಗಟ್ಟಿ ಮುಳ್ಳುಗಳಿರುತ್ತವೆ. ಮುಂಗಾಲಿಗೆ ಮುಳ್ಳಿಲ್ಲ, ನಡುಗಾಲಿಗೆ ಎರಡು. ಹಿಂಗಾಲಿಗೆ ಎಷ್ಟು ಅನ್ನುವುದೇ ಪ್ರಶ್ನೆ. ಕ್ರೈಸೊಪೈಲಸ್ ಆದರೆ ಒಂದು, ರೇಜಿಯೊ ಆದರೆ ಎರಡು. ಮುಳ್ಳು ಮತ್ತು ಸಾಮಾನ್ಯ ಬಿರುಗೂದಲಿಗೆ ವ್ಯತ್ಯಾಸ ಇದೆ. ಮುಳ್ಳು ದಪ್ಪ, ಕಾಲಿನ ಒಳಬದಿಯಲ್ಲಿ ಇರುತ್ತದೆ. ಎರಡೂ ಹಿಂಗಾಲು ನೋಡಿ, ಒಂದರಲ್ಲಿ ಮುರಿದಿರಬಹುದು.

ಎರಡನೆಯದು ರೆಕ್ಕೆಯ ಹಿಂಭಾಗದ ಏನಲ್ ಕೋಣೆ. ರೆಕ್ಕೆಯ ಬುಡದಿಂದ ಹಿಂಬದಿಯ ಅಂಚಿನ ಕಡೆ ಎರಡು ನರ ಹೋಗುತ್ತವೆ, ಅವುಗಳ ನಡುವಿನ ಜಾಗ ಅದು. ಕ್ರೈಸೊಪೈಲಸ್‌ನಲ್ಲಿ ಆ ಎರಡು ನರಗಳು ಅಂಚು ಮುಟ್ಟುವ ಮೊದಲೇ ಸೇರಿಕೊಂಡು ಕೋಣೆ ಮುಚ್ಚುತ್ತದೆ. ರೇಜಿಯೊದಲ್ಲಿ ಸೇರುವುದಿಲ್ಲ, ಅಂಚಿನಲ್ಲಿ ಬಾಯಿ ತೆರೆದೇ ಇರುತ್ತದೆ. ಮೈಕ್ರೋಸ್ಕೋಪಿನಲ್ಲಿ ಇದು ಬಹಳ ಚೆನ್ನಾಗಿ ಕಾಣುತ್ತದೆ, ರೆಕ್ಕೆ ಹರಿಯದಿದ್ದರೆ.

ಮೂರನೆಯದು ಚಿನ್ನದ ಬಣ್ಣದ ಕೂದಲು. ಕ್ರೈಸೊಪೈಲಸ್‌ನ ಎದೆಯ ಮೇಲೆ, ಎಷ್ಟೋ ಸಲ ಹೊಟ್ಟೆಯ ಮೇಲೂ, ಚಪ್ಪಟೆಯಾದ, ಮಿರುಗುವ ಕೂದಲು ಒತ್ತಿಕೊಂಡಿರುತ್ತದೆ. ಬೆಳಕು ಬೀಳುವ ಕೋನ ಬದಲಾದ ಹಾಗೆ ಹೊಳಪು ಬದಲಾಗುತ್ತದೆ. ಬಹಳ ಚೆಂದ, ಒಮ್ಮೆ ನೋಡಿದರೆ ಮರೆಯುವುದಿಲ್ಲ. ಉತ್ತರ ಅಮೆರಿಕದ ಕ್ರೈಸೊಪೈಲಸ್ ಥೊರಾಸಿಕಸ್‌ಗೆ ಇಡೀ ಬೆನ್ನೇ ಚಿನ್ನದ್ದು. ಎಲ್ಲ ಪ್ರಭೇದಗಳೂ ಅಷ್ಟು ಢಾಳಾಗಿರುವುದಿಲ್ಲ. ಈ ಗುರುತಿನಲ್ಲಿ ಒಂದು ತೊಂದರೆ ಇದೆ: ಕೂದಲು ಬೇಗ ಉದುರುತ್ತದೆ. ಬಲೆಯಲ್ಲಿ ಹೊರಳಾಡಿದ ನೊಣ, ಸೋಪುನೀರಲ್ಲಿ ನೆನೆದ ನೊಣ, ಹಳೆಯ ನೊಣ ಬೋಳಾಗಿರಬಹುದು. ಆಲ್ಕೋಹಾಲಿನಲ್ಲಿ ಇಟ್ಟದ್ದಕ್ಕೆ ಹೊಳಪು ಕಾಣುವುದೇ ಇಲ್ಲ, ಹೊರತೆಗೆದು ಒಣಗಿಸಿ ನೋಡಬೇಕು. ಹಾಗಾಗಿ ಕೂದಲಿದ್ದರೆ ಬಲವಾದ ಆಧಾರ, ಇಲ್ಲ ಅಂದ ಮಾತ್ರಕ್ಕೆ ತಳ್ಳಿಹಾಕಬೇಡಿ. ಮುಳ್ಳು, ಕೋಣೆ ಎರಡನ್ನೂ ಕೇಳಿ.

ಇದೇ ಕುಟುಂಬದ ಉಳಿದ ಸಣ್ಣ ಕುಲಗಳ ಬಗ್ಗೆಯೂ ಗೊತ್ತಿರಲಿ. ಸಿಂಫೊರೊಮಯಿಯಾಕ್ಕೂ ಹಿಂಗಾಲಿನಲ್ಲಿ ಒಂದೇ ಮುಳ್ಳು, ಆದರೆ ಅದರ ಮೀಸೆಯ ಮೂರನೇ ಗೆಣ್ಣು ಮೂತ್ರಪಿಂಡದಾಕಾರ, ಕಡ್ಡಿ ಅದರ ಮೇಲ್ಭಾಗದಿಂದ ಹೊರಡುತ್ತದೆ. 1842ರಲ್ಲಿ ಜೆಟ್ಟರ್‌ಸ್ಟೆಟ್ ಹೆಸರಿಸಿದ ಟಿಯೊಲೈನಾ ಕುಲಕ್ಕೆ ಚಿನ್ನದ ಕೂದಲಿಲ್ಲ, ಮೀಸೆಯ ಕಡ್ಡಿ ದಪ್ಪ. ಇದರ ಮರಿ ಪಾಚಿಯಲ್ಲಿ ಬೆಳೆಯುತ್ತದೆ. ಸ್ಪೇನಿಯಾ, ಲಿಟೊಲೆಪ್ಟಿಸ್ ಇನ್ನೂ ಪುಟ್ಟವು. ಇವುಗಳ ಮರಿ ಲಿವರ್‌ವರ್ಟ್ ಅನ್ನುವ ಚಪ್ಪಟೆ ಹಸಿರು ಸಸ್ಯದ ಒಳಗೆ ಸುರಂಗ ಕೊರೆದು ಅದನ್ನೇ ತಿನ್ನುತ್ತವೆ. ಬೇಟೆಯಾಡುವ ನೆಂಟರ ನಡುವೆ ಸೊಪ್ಪು ತಿನ್ನುವವು! ಜಪಾನಿನಲ್ಲಿ ಲಿಟೊಲೆಪ್ಟಿಸ್ ಬಗ್ಗೆ ಈ ವಿಷಯ ಬಯಲಾದದ್ದು ತೀರಾ ಈಚೆಗೆ, 2016ರಲ್ಲಿ. ಮಳೆಗಾಲದಲ್ಲಿ ಒದ್ದೆ ಬಂಡೆಯ ಮೇಲೆ ಲಿವರ್‌ವರ್ಟ್ ಕಂಡರೆ ಎಲೆಯ ಒಳಗೆ ಬಿಳಿ ಗೆರೆ ಇದೆಯಾ ಅಂತ ಒಂದು ಸಲ ಬಗ್ಗಿ ನೋಡಿ.

ಗಂಡು, ಹೆಣ್ಣು

ತಲೆಯನ್ನು ಮೇಲಿನಿಂದ ನೋಡಿದರೆ ಸಾಕು. ಸಾಮಾನ್ಯವಾಗಿ ಗಂಡಿನ ಎರಡು ಕಣ್ಣು ಒಂದಕ್ಕೊಂದು ತಾಗಿಕೊಂಡಿರುತ್ತವೆ, ಹೆಣ್ಣಿನ ಕಣ್ಣುಗಳ ನಡುವೆ ಅಂತರ ಇರುತ್ತದೆ. ಹೆಣ್ಣಿನ ಹೊಟ್ಟೆಯ ತುದಿ ಸಪೂರ, ಒಳಗೆ ಸರಿಯುವ, ಹೊರಗೆ ಚಾಚುವ ಹಾಗಿರುತ್ತದೆ. ಇದನ್ನು ಲೇಬಲ್ಲಿನಲ್ಲಿ ಬರೆಯಲೇಬೇಕು, ಯಾಕೆಂದರೆ ಮುಂದಿನ ಹೆಜ್ಜೆಗೆ ಬೇಕಾಗುವುದು ಹೆಚ್ಚಾಗಿ ಗಂಡೇ.

ಆರನೇ ಹೆಜ್ಜೆ: ಪ್ರಭೇದ, ಆದರೆ ಅವಸರ ಬೇಡ

ಕಾಲಿನ ಬಣ್ಣ, ರೆಕ್ಕೆಯ ಅಂಚಿನ ಕಪ್ಪು ಮಚ್ಚೆ, ಹೊಟ್ಟೆಯ ಪಟ್ಟಿ, ಇವೆಲ್ಲ ಒಂದೇ ಪ್ರಭೇದದೊಳಗೂ ಸ್ವಲ್ಪ ಬದಲಾಗುತ್ತವೆ. ಹಳೆಯ ವಿವರಣೆಗಳು ಬಹುಪಾಲು ಬಣ್ಣದ ಮೇಲೆಯೇ ನಿಂತಿವೆ. ಈಗ ಗಂಡಿನ ಹೊಟ್ಟೆಯ ತುದಿಯ ಜನನಾಂಗದ ಆಕಾರ ನೋಡದೆ ಯಾರೂ ಒಪ್ಪುವುದಿಲ್ಲ. ಅದಕ್ಕೆ ಹೊಟ್ಟೆಯ ತುದಿ ಬಿಡಿಸಿ, ಶೇಕಡಾ 10ರ ಪೊಟ್ಯಾಸಿಯಮ್ ಹೈಡ್ರಾಕ್ಸೈಡ್ ದ್ರಾವಣದಲ್ಲಿ ಬೆಚ್ಚಗೆ ಇಟ್ಟು ಮಾಂಸ ಕರಗಿಸಿ, ನೀರಲ್ಲಿ ತೊಳೆದು, ಗ್ಲಿಸರಿನ್ ಹನಿಯಲ್ಲಿ ಇಟ್ಟು ನೋಡುತ್ತಾರೆ. ಆ ದ್ರಾವಣ ಚರ್ಮ, ಕಣ್ಣು ಸುಡುತ್ತದೆ. ಮನೆಯಲ್ಲಿ ಮಾಡಬೇಡಿ. ಕಾಲೇಜಿನ ಲ್ಯಾಬಿನಲ್ಲಿ, ಗ್ಲೌಸು ಕನ್ನಡಕ ಹಾಕಿಕೊಂಡು, ಗೊತ್ತಿರುವವರ ಎದುರೇ ಮಾಡಿ.

ಡಿಎನ್ಎ ಬಾರ್‌ಕೋಡ್, ಅಂದರೆ ಡಿಎನ್ಎಯ ಒಂದು ಸಣ್ಣ ತುಣುಕು ಓದಿ ಪ್ರಭೇದ ಗುರುತಿಸುವುದು, ಇನ್ನೊಂದು ದಾರಿ. ಅದಕ್ಕೆ ನೊಣವನ್ನು ಹಿಡಿದ ಕೂಡಲೇ ಶೇಕಡಾ 95ರ ಎಥನಾಲಿನಲ್ಲಿ ಹಾಕಬೇಕು. ಬರೀ ಬಾರ್‌ಕೋಡ್ ಇದ್ದು ನೊಣವೇ ಇಲ್ಲದಿದ್ದರೆ ಆ ದಾಖಲೆಗೆ ಬೆಲೆ ಕಡಿಮೆ ಅಂತ ನನ್ನ ಅಭಿಪ್ರಾಯ. ಒಂದು ಕಾಲು ಮಾತ್ರ ಡಿಎನ್ಎಗೆ ಕೊಟ್ಟು ಉಳಿದ ನೊಣವನ್ನು ಹಾಗೇ ಇಡಬಹುದು. ಹಿಂಗಾಲು ಮಾತ್ರ ಕೊಡಬೇಡಿ, ಮುಳ್ಳು ಇರುವುದು ಅಲ್ಲೇ!

ಇಡುವುದು, ಬರೆಯುವುದು

ಕೂದಲು ಉಳಿಯಬೇಕಾದರೆ ಒಣಗಿಸಿ ಇಡಬೇಕು. ನೊಣ ಸಣ್ಣದಾದ್ದರಿಂದ ದಪ್ಪ ಪಿನ್ನು ನೇರವಾಗಿ ಚುಚ್ಚಿದರೆ ಎದೆ ಹಾಳಾಗುತ್ತದೆ. ಮೊನೆಯಾಗಿ ಕತ್ತರಿಸಿದ ಸಣ್ಣ ರಟ್ಟಿನ ತ್ರಿಕೋನದ ತುದಿಗೆ ಒಂದು ಚುಕ್ಕಿ ಅಂಟು ಹಾಕಿ, ನೊಣದ ಎದೆಯ ಬಲಬದಿಯನ್ನು ಅದಕ್ಕೆ ತಾಗಿಸಿ. ರಟ್ಟಿಗೆ ಪಿನ್ನು ಚುಚ್ಚಿ. ಎಡಬದಿಯ ರೆಕ್ಕೆ, ಕಾಲು, ಮೀಸೆ ಎಲ್ಲ ಬಿಡುಬೀಸಾಗಿ ಕಾಣುವ ಹಾಗಿರಲಿ. ಇನ್ನೊಂದು ನೊಣ ಶೇಕಡಾ 70ರ ಆಲ್ಕೋಹಾಲಿನಲ್ಲಿ ಇರಲಿ. ಒಣ ನೊಣಗಳ ಪೆಟ್ಟಿಗೆಗೆ ನ್ಯಾಫ್ತಲೀನ್ ಗುಳಿಗೆ ಹಾಕಿ, ಇರುವೆ ಹತ್ತದ ಕಡೆ ಇಡಿ. ನಮ್ಮ ಕಡೆ ಮಳೆಗಾಲದಲ್ಲಿ ಬೂಷ್ಟು ಹಿಡಿಯುತ್ತದೆ, ಸಿಲಿಕಾ ಜೆಲ್ ಪೊಟ್ಟಣ ಒಂದೆರಡು ಒಳಗಿರಲಿ.

ಲೇಬಲ್ ಇಲ್ಲದ ನೊಣ ಕಸಕ್ಕೆ ಸಮ. ಕಟ್ಟುನಿಟ್ಟಾಗಿ ಹೇಳುತ್ತಿದ್ದೇನೆ ಅನ್ನಿಸಬಹುದು, ಆದರೆ ಇದರಲ್ಲಿ ರಿಯಾಯಿತಿ ಇಲ್ಲ. ದೇಶ, ರಾಜ್ಯ, ಜಿಲ್ಲೆ, ತಾಲ್ಲೂಕು, ಊರು, ಅಕ್ಷಾಂಶ ರೇಖಾಂಶ, ಸಮುದ್ರಮಟ್ಟದಿಂದ ಎತ್ತರ, ದಿನಾಂಕ, ಹಿಡಿದವರ ಹೆಸರು, ಹೇಗೆ ಹಿಡಿದದ್ದು, ಎಂಥ ಜಾಗ. "ಅಡಿಕೆ ತೋಟ, ಬಸಿಗಾಲುವೆ ಪಕ್ಕ, ನೆರಳು, ಹಳದಿ ತಟ್ಟೆ" ಅಂತ ಬರೆದರೆ ಇಪ್ಪತ್ತು ವರ್ಷ ಆದ ಮೇಲೆ ಓದುವವರಿಗೂ ಜಾಗ ಕಣ್ಣಿಗೆ ಕಟ್ಟುತ್ತದೆ. ತಿಂಗಳನ್ನು ರೋಮನ್ ಅಂಕಿಯಲ್ಲಿ ಬರೆಯುವುದು ರೂಢಿ, ದಿನ ತಿಂಗಳು ಹಿಂದು ಮುಂದಾಗುವುದಿಲ್ಲ. ಗುರುತಿಸಿದವರ ಹೆಸರು, ವರ್ಷ ಬೇರೆಯೇ ಚೀಟಿಯಲ್ಲಿ. ಮುಂದೆ ಯಾರಾದರೂ ಹೆಸರು ಬದಲಿಸಿದರೆ ನಿಮ್ಮ ಚೀಟಿ ತೆಗೆಯದೆ ಅವರ ಚೀಟಿ ಕೆಳಗೆ ಸೇರಿಸುತ್ತಾರೆ.

ಜನ ತಾವು ಕಂಡ ಜೀವಿಗಳ ಫೋಟೊ ದಾಖಲಿಸುವ ಐನ್ಯಾಚುರಲಿಸ್ಟ್ ಜಾಲತಾಣಕ್ಕೆ ಹಾಕುವಾಗ ಮುಖ, ರೆಕ್ಕೆ, ಹಿಂಗಾಲಿನ ಫೋಟೊಗಳನ್ನು ಒಂದೇ ದಾಖಲೆಯಲ್ಲಿ ಸೇರಿಸಿ. ಯಾವ ಗುರುತು ನೋಡಿ ಕ್ರೈ​ಸೊಪೈಲಸ್ ಅಂದಿರಿ ಅಂತ ಎರಡು ಸಾಲು ಬರೆಯಿರಿ: ಹಿಂಗಾಲಿಗೆ ಒಂದು ಮುಳ್ಳು, ಏನಲ್ ಕೋಣೆ ಮುಚ್ಚಿದೆ, ಎದೆಯ ಮೇಲೆ ಚಿನ್ನದ ಕೂದಲು. ನೊಣಗಳನ್ನೇ ಓದುವ ತಜ್ಞರು ಬೇರೆ ದೇಶಗಳಲ್ಲಿ ಕೂತು ಇವನ್ನು ನೋಡುತ್ತಾರೆ, ಗುರುತು ಬರೆದಿರುವ ದಾಖಲೆಗೆ ಅವರು ಮೊದಲು ಉತ್ತರ ಕೊಡುತ್ತಾರೆ.

ಕೈಯಲ್ಲಿ ನಾಲ್ಕಾರು ಒಳ್ಳೆಯ ನೊಣ ಸೇರಿದ ಮೇಲೆ ಮನೆಯ ಪೆಟ್ಟಿಗೆಯಲ್ಲೇ ಇಟ್ಟುಕೊಳ್ಳಬೇಡಿ. ಬೆಂಗಳೂರಿನಲ್ಲಿ ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೊ ಇದೆ, ಕೃಷಿ ವಿಶ್ವವಿದ್ಯಾಲಯದ ಕೀಟಶಾಸ್ತ್ರ ವಿಭಾಗ ಇದೆ, ಕೋಲ್ಕತ್ತದಲ್ಲಿ 1916ರಿಂದ ನಡೆಯುತ್ತಿರುವ ಭಾರತೀಯ ಪ್ರಾಣಿ ಸರ್ವೇಕ್ಷಣಾ ಸಂಸ್ಥೆ ಇದೆ. ಮೊದಲು ಫೋಟೊ ಮತ್ತು ಲೇಬಲ್ ವಿವರ ಸೇರಿಸಿ ಇಮೇಲ್ ಬರೆಯಿರಿ. ಕಳಿಸಿ ಅಂದರೆ ಪಿನ್ನಿನ ನೊಣಗಳನ್ನು ಥರ್ಮೊಕೋಲ್ ಹಾಸಿದ ಸಣ್ಣ ಡಬ್ಬಿಯಲ್ಲಿ ಚುಚ್ಚಿ, ಆ ಡಬ್ಬಿಯನ್ನು ಸುತ್ತಲೂ ಹತ್ತಿ ತುಂಬಿದ ದೊಡ್ಡ ಡಬ್ಬಿಯಲ್ಲಿಟ್ಟು ಕಳಿಸಿ, ಒಳಗೆ ಲೇಬಲ್ಲುಗಳ ಪಟ್ಟಿಯ ಒಂದು ಪ್ರತಿ ಇರಲಿ, ಇನ್ನೊಂದು ಪ್ರತಿ ನಿಮ್ಮ ಬಳಿ.